ಅವ್ವನ ತೋಟದಲ್ಲಿ ಒಬ್ಬರಿಗೇ ಜಾಗ

ನನಗೆ ಮೂಗಿನ ತುದಿಯಲ್ಲೇ ಕೋಪ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು, ಏಕೆಂದರೆ ಮುಂದೆ ಬರೆಯುವುದೆಲ್ಲ ಆ ಕೋಪ ಮಾಡಿದ ಕೆಲಸವೇ. ಅಕ್ಕನಿಗೆ ಅಷ್ಟು ಸುಲಭವಾಗಿ ಕೋಪ ಬರುತ್ತಿರಲಿಲ್ಲ. ಅವಳಿಗಿದ್ದದ್ದು ಹಟ. ನಾನು ಕೂಗಾಡಿ ಒಂದು ಗಂಟೆಯಲ್ಲಿ ಮರೆತುಬಿಡುವವಳು ಎಂದು ನಮ್ಮ ಮನೆಯಲ್ಲಿ ಎಲ್ಲರೂ ಹೇಳುತ್ತಿದ್ದರು. ಅದು ಸುಳ್ಳು. ಕೂಗಾಡಿದ್ದನ್ನು ಮರೆಯುತ್ತಿದ್ದೆ, ಕಾರಣವನ್ನು ಜೋಪಾನವಾಗಿ ಇಟ್ಟುಕೊಳ್ಳುತ್ತಿದ್ದೆ.

ನಾವಿಬ್ಬರೇ ಮಕ್ಕಳು. ಅಕ್ಕನ ಮನೆ ರಾಮಕೃಷ್ಣನಗರದಲ್ಲಿ, ನನ್ನದು ಗೋಕುಲಂನಲ್ಲಿ. ನಮ್ಮ ಮಹಡಿಯಲ್ಲಿ ಯೋಗ ಕಲಿಯಲು ಬಂದ ವಿದೇಶದವರು ಬಾಡಿಗೆಗಿರುತ್ತಾರೆ. ಅವರು ಕತ್ತಲಿರುವಾಗಲೇ ಚಾಪೆ ಸುತ್ತಿಕೊಂಡು ಮೆಟ್ಟಿಲಿಳಿಯುವ ಸದ್ದಿಗೆ ನನಗೆ ಎಚ್ಚರ. ಅಪ್ಪ ಹೋದ ಮೇಲೆ ಅವ್ವ ಕೊನೆಯ ಮೂರು ವರ್ಷ ಅಕ್ಕನ ಮನೆಯಲ್ಲಿದ್ದಳು. ಅವಳ ಎರಡೂ ಮಂಡಿ ಕೆಟ್ಟಿದ್ದವು, ನನ್ನ ಮನೆಯ ಬಾಗಿಲಿಗೋ ನಾಲ್ಕು ಮೆಟ್ಟಿಲು. ಅಕ್ಕನ ಮನೆ ನೆಲಮಟ್ಟದ್ದು. ಅವ್ವ ಅಲ್ಲಿರಲು ಅಷ್ಟೇ ಕಾರಣ ಎಂದು ನನಗೆ ಗೊತ್ತಿದ್ದರೂ, ಅವ್ವನನ್ನು ಅಕ್ಕ ಗೆದ್ದುಕೊಂಡಳು ಎಂಬ ಭಾವನೆ ಒಳಗೆಲ್ಲೋ ಇತ್ತು.

ಅವ್ವ ಮಂಡಕಳ್ಳಿ ಕಡೆಯ ಹಳ್ಳಿಯವಳು. ಅವಳು ಹುಡುಗಿಯಾಗಿದ್ದಾಗ ಅವಳಪ್ಪನಿಗೆ ಅಲ್ಲಿ ಹೂವಿನ ತೋಟವಿತ್ತಂತೆ. ಕಾಕಡ, ಕನಕಾಂಬರ, ಸೇವಂತಿಗೆ. ರಾಮಕೃಷ್ಣನಗರದಲ್ಲಿ ಅವಳ ಪಾಲಿಗೆ ಬಂದದ್ದು ಎರಡು ಕುಂಡ, ಅವುಗಳ ಹತ್ತಿರ ಬಗ್ಗಲೂ ಆಗುತ್ತಿರಲಿಲ್ಲ. ನನ್ನ ಮಗಳು ಶಾಲೆಯೊಂದರಲ್ಲಿ ಕಂಪ್ಯೂಟರ್ ಪಾಠ ಹೇಳುತ್ತಾಳೆ. ಅವಳು ಒಂದು ದಿನ ಹಳೆಯ ಟ್ಯಾಬ್ಲೆಟ್‌ನಲ್ಲಿ ತೋಟದ ಆಟವೊಂದನ್ನು ಹಾಕಿ, ಅಜ್ಜಿಯ ಹೆಸರಿನಲ್ಲೇ ಖಾತೆ ತೆರೆದು ಕೊಟ್ಟಳು. ಬೆರಳಲ್ಲಿ ಮುಟ್ಟಿದರೆ ಮಣ್ಣು ಹದವಾಗುತ್ತದೆ, ಬೀಜ ಬೀಳುತ್ತದೆ, ನೀರು ಹರಿಯುತ್ತದೆ. ಅವ್ವ ಮೊದಲ ದಿನ ಮೂಗು ಮುರಿದಳು. ಎರಡನೆಯ ದಿನ ಮಧ್ಯಾಹ್ನದ ಊಟಕ್ಕೆ ಕರೆದರೆ "ತಡಿ, ಕಾಯಿ ಬುಡುಸ್ತಾ ಇವ್ನಿ" ಎಂದಳಂತೆ.

ಆ ಆಟದಲ್ಲಿ ಒಂದು ದಿನ ನೀರು ತಪ್ಪಿದರೆ ಗಿಡ ಬಾಡುತ್ತದೆ. ಅವ್ವನಿಗೆ ಮಾತ್ರೆಯ ಮಂಪರು, ಕೆಲವು ದಿನ ಮಲಗಿದರೆ ಏಳುತ್ತಲೇ ಇರಲಿಲ್ಲ. ಅದಕ್ಕೆಂದೇ ನನಗೂ ಅಕ್ಕನಿಗೂ ಪಾಸ್‌ವರ್ಡ್ ಕೊಟ್ಟಿದ್ದಳು. ನಾವು ನಮ್ಮ ನಮ್ಮ ಫೋನಿನಲ್ಲಿ ಅವ್ವನ ತೋಟ ತೆರೆದು ನೀರು ಹಾಕುತ್ತಿದ್ದೆವು. ಹೀಗೆ ನೀರು ಹಾಕುತ್ತಿದ್ದಾಗಲೇ ಒಂದು ಬೆಳಿಗ್ಗೆ ಅವ್ವನ ಫೋನು ಬಂತು.

"ನನ್ನ ತೋಟ್ದಿಂದ ನನ್ನೇ ಎಬ್ಬುಸ್ಬುಟ್ಯಲ್ಲೇ! ಇನ್ನೊಂದ್ ಕಡೆ ತೆಗ್ದವ್ರೆ, ನೀನು ಆಚೆಗೋಗು ಅಂತ ಬರೆದು ತೋರುಸ್ತದೆ. ಯಾರ ತೋಟ ಇದು?"

ನಾನು ಗಾಬರಿಯಿಂದ ಮಗಳನ್ನು ಕೇಳಿದೆ. ಅವಳು ತಿಂಡಿ ತಿನ್ನುತ್ತಲೇ ಪಾಠ ಶುರು ಮಾಡಿದಳು.

"ಅಮ್ಮ, ತೋಟ ನಿನ್ನ ಫೋನಲ್ಲಿಲ್ಲ. ಎಲ್ಲೋ ದೂರದ ಕಂಪ್ಯೂಟರ್‌ನಲ್ಲಿದೆ. ಫೋನು ಬರೀ ಕಿಟಕಿ. ನೀನು ಈ ಕಿಟಕೀಲಿ ಒಂದು ಬದನೆಕಾಯಿ ಕಿತ್ತು ಬುಟ್ಟೀಲಿಟ್ಟೆ. ಅದೇ ಹೊತ್ತಿಗೆ ದೊಡ್ಡಮ್ಮ ಆ ಕಿಟಕೀಲಿ ಅದೇ ಕಾಯಿ ಕಿತ್ತು ಮಾರ್ಬುಟ್ರು. ಈಗ ಕಾಯಿ ಎಲ್ಲಿದೆ ಹೇಳು?"

"ಇರೋದು ಒಂದೇ ಕಾಯಿ. ಯಾರೋ ಒಬ್ರು ಕಿತ್ತಿರ್ತೀವಿ."

"ಯಾರು ಅಂತ ಅದಕ್ಕೆ ಹೆಂಗೆ ಗೊತ್ತಾಗ್ಬೇಕು? ಎರಡೂ ನಿಜ ಅಂತ ಒಪ್ಕೊಂಡ್ರೆ ಒಂದು ಕಾಯಿ ಎರಡಾಗುತ್ತೆ. ಬೇಕು ಅಂತಲೇ ಹಂಗೆ ಮಾಡಿ ಒಂದನ್ನ ನೂರು ಮಾಡ್ಕೊಳ್ಳೋ ಕಳ್ಳರಿದಾರೆ. ಒಂದೇ ಖಾತೇನ ಹತ್ತು ಜನ ಹಂಚ್ಕೊಂಡು ಆಡೋರಿದಾರೆ. ಅದಕ್ಕೇ ಒಂದು ಸಲಕ್ಕೆ ಒಬ್ರೇ. ಆಮೇಲೆ ಬಂದವ್ರನ್ನ ಒಳಗೆ ಬುಟ್ಕೊಂಡು ಮೊದ್ಲಿದ್ದವ್ರನ್ನ ಕಳುಸ್ಬುಡುತ್ತೆ."

"ಇದೆಲ್ಲಿ ನ್ಯಾಯ? ಮೊದ್ಲು ಬಂದವ್ರಿಗೆ ಮರ್ಯಾದೆ ಬೇಡ್ವಾ?"

"ಮೊದ್ಲಿದ್ದವ್ರು ಫೋನ್ ಬುಟ್ಟು ಎದ್ದೋಗಿರ್ಬೋದಲ್ಲ. ಈಗ ತಾನೆ ಬಾಗಿಲು ತಟ್ಟಿದವ್ರಂತೂ ಇದಾರೆ ಅಂತ ಗ್ಯಾರಂಟಿ."

ಒಂದು ಒರೆಯಲ್ಲಿ ಎರಡು ಕತ್ತಿ ಇರುವುದಿಲ್ಲ ಎಂಬುದಕ್ಕೆ ಇಷ್ಟು ದೊಡ್ಡ ಪುರಾಣ ಬೇಕೇ ಎಂದು ನಾನು ಗೊಣಗಿದೆ. ಅವ್ವನಿಗೆ ಇದನ್ನೇ ನನಗೆ ತಿಳಿದ ಹಾಗೆ ಹೇಳಿದೆ. ಅವಳಿಗೆ ನನಗಿಂತ ಬೇಗ ಅರ್ಥವಾಯಿತು. "ಸರಿ ಬುಡು. ಒಬ್ರ ಕೊರಳ ಲಿಂಗ ಇನ್ನೊಬ್ರು ಮುಟ್ಟಂಗಿಲ್ಲ. ಹಂಗೇ ಇದೂವೆ" ಎಂದವಳೇ ಹೊತ್ತು ಹಂಚಿಬಿಟ್ಟಳು. ಬೆಳಿಗ್ಗೆ ಎದ್ದ ಕೂಡಲೇ ತನ್ನದು, ಹತ್ತು ಗಂಟೆಗೆ ನನ್ನದು, ಸಂಜೆ ದೀಪ ಹಚ್ಚಿದ ಮೇಲೆ ಅಕ್ಕನದು. ಅವಳಿರುವಷ್ಟು ದಿನ ಆ ಲೆಕ್ಕ ತಪ್ಪಲಿಲ್ಲ.

ಅವ್ವ ಹೋದಾಗ ಮಂಡಕಳ್ಳಿಯ ಆಚೆ ನಮಗೆ ಉಳಿದಿರುವ ತುಂಡು ಜಮೀನಿನಲ್ಲಿ ಅವಳನ್ನು ಮಣ್ಣು ಮಾಡಿದೆವು. ನಮ್ಮಲ್ಲಿ ಕೂರಿಸಿ ಹೂಳುವುದು. ಮೈತುಂಬ ವಿಭೂತಿ, ಎಡ ಅಂಗೈಯಲ್ಲಿ ಬದುಕಿದ್ದಷ್ಟು ದಿನ ಕೊರಳಲ್ಲಿದ್ದ ಲಿಂಗ. ಆ ಲಿಂಗವನ್ನು ಇಟ್ಟುಕೊಳ್ಳುವ ಬೆಳ್ಳಿಯ ಕರಡಿಗೆಯನ್ನು ಮಾತ್ರ ಸಾಮಾನ್ಯವಾಗಿ ಮನೆಯವರು ತೆಗೆದಿಟ್ಟುಕೊಳ್ಳುತ್ತಾರೆ. ಅವ್ವನ ಕರಡಿಗೆ ನಿಂಬೆಹಣ್ಣಿನಷ್ಟಿತ್ತು, ಒಂದು ಪಕ್ಕ ನೆಗ್ಗಿತ್ತು. ಚಿಕ್ಕವಳಿದ್ದಾಗ ಅವಳ ತೊಡೆಯ ಮೇಲೆ ಮಲಗಿದರೆ ಅದು ನನ್ನ ಕೆನ್ನೆಗೆ ತಣ್ಣಗೆ ತಾಗುತ್ತಿತ್ತು. ಅದು ನನಗೆ ಬೇಕಿತ್ತು. ಬೇಕು ಎಂದು ಯಾರಿಗೂ ಹೇಳಿರಲಿಲ್ಲ, ಕೇಳುತ್ತಾರೆ ಎಂದುಕೊಂಡಿದ್ದೆ. ಅಯ್ನೋರು ಮಂತ್ರ ಹೇಳುತ್ತಿದ್ದಂತೆ ಅಕ್ಕ ಬಗ್ಗಿ ಆ ಕರಡಿಗೆಯನ್ನು ಅವ್ವನ ಮಡಿಲಿಗೆ ಹಾಕಿದಳು. ಆಮೇಲೆ ಮಣ್ಣು ಬಿತ್ತು.

"ಅವ್ವನ್ದು ಅವ್ವನ ಜೊತೇಲೇ ಹೋಗ್ಲಿ ಅಂತ ಹಾಕ್ದೆ ಕಣೇ" ಎಂದಳು ಅಕ್ಕ, ವಾಪಸು ಬರುವಾಗ.

"ನನ್ನ ಒಂದು ಮಾತು ಕೇಳ್ಬೇಕು ಅನ್ನುಸ್ಲಿಲ್ವಾ ನಿಂಗೆ?"

"ಕೇಳಿದ್ರೆ ನೀನು ಬೇಡ ಅಂತಿದ್ದೆ."

ನಿಜವೇ. ಆದರೆ ನಿಜ ಹೇಳಿದವರ ಮೇಲೆ ನನಗೆ ಇನ್ನೂ ಹೆಚ್ಚು ಸಿಟ್ಟು. ಹನ್ನೊಂದನೆಯ ದಿನದ ಆರಾಧನೆಯಲ್ಲಿ, ನೆಂಟರೆಲ್ಲ ಊಟಕ್ಕೆ ಕೂತಿದ್ದಾಗ, ಎಲ್ಲರಿಗೂ ಕೇಳುವ ಹಾಗೆ ಅಕ್ಕನಿಗೆ ಅಂದೆ: "ಮೂರು ವರ್ಷ ಅನ್ನ ಹಾಕ್ದೆ ಅಂತ ಅವ್ವನ್ನ ನಿನ್ನೊಬ್ಬಳ ಹೆಸರಿಗೇ ಬರುಸ್ಕೊಂಡ್ಬುಟ್ಯಾ?" ಅಕ್ಕ ಪಾಯಸ ಬಡಿಸುತ್ತಿದ್ದಳು. ಸೌಟು ಒಂದು ಕ್ಷಣ ನಿಂತಿತು, ಮತ್ತೆ ಮುಂದಿನ ಎಲೆಗೆ ಹೋಯಿತು. ಅದಾದ ಮೇಲೆ ನಾವಿಬ್ಬರೂ ಮಾತಾಡಲಿಲ್ಲ.

ಆದರೆ ತೋಟ ಉಳಿದಿತ್ತು. ಅದಕ್ಕೆ ನೀರು ಹಾಕದೆ ಬಿಡುವುದು ನನ್ನಿಂದ ಆಗಲಿಲ್ಲ, ಅವಳಿಂದಲೂ ಆಗಲಿಲ್ಲ. ನಾನು ಹತ್ತು ಗಂಟೆಗೆ ಹೋದರೆ ಹಿಂದಿನ ಸಂಜೆ ಅಕ್ಕ ಬಂದುಹೋದ ಗುರುತು ಕಾಣುತ್ತಿತ್ತು. ಬದನೆ ಕಿತ್ತಿರುತ್ತಿದ್ದಳು, ಅವರೆ ಹಾಕಿರುತ್ತಿದ್ದಳು. ನಾನು ಬೇಕೆಂದೇ ಅವಳ ಬದನೆ ಸಾಲು ಕಿತ್ತು ಕನಕಾಂಬರ ಹಾಕಿದೆ. ಮಾರನೆಯ ದಿನ ನೋಡಿದರೆ ಕನಕಾಂಬರಕ್ಕೆ ನೀರು ಹಾಕಿದ್ದಾಳೆ, ಬದನೆಯನ್ನು ಬಾವಿಯ ಪಕ್ಕ ಇನ್ನೊಂದು ಮೂಲೆಯಲ್ಲಿ ಬಿತ್ತಿದ್ದಾಳೆ. ಹಟಮಾರಿ ಎಂದು ಬೈದುಕೊಂಡೆ. ಬೈಯಲು ಅವಳಿದ್ದಾಳಲ್ಲ ಎಂದು ಸಮಾಧಾನವೂ ಆಗುತ್ತಿತ್ತು.

ಸುಮಾರು ಒಂದು ವರ್ಷ ಹೀಗೇ ಕಳೆಯಿತು. ಆಮೇಲೆ ಅಕ್ಕ ಹೊತ್ತು ಬದಲಾಯಿಸಿದಳು. ಒಂದು ಮಂಗಳವಾರ ಹತ್ತೂವರೆಗೆ ನಾನು ಹೂ ಬಿಡಿಸುತ್ತಿದ್ದಂತೆ ಪರದೆ ಮಂಕಾಗಿ, ಈ ಖಾತೆಯನ್ನು ಬೇರೆ ಕಡೆ ತೆರೆಯಲಾಗಿದೆ ಎಂದು ತೋರಿಸಿ ನನ್ನನ್ನು ಆಚೆ ಹಾಕಿತು. ಗುರುವಾರವೂ ಹಾಗೇ. ಶನಿವಾರವೂ. ಮುಂದಿನ ವಾರವೂ ಅದೇ ಮೂರು ದಿನ, ಅದೇ ಹೊತ್ತು. ಅದು ನನ್ನ ಹೊತ್ತು ಎಂದು ಅವಳಿಗೆ ಗೊತ್ತು, ಹಂಚಿಕೊಟ್ಟವಳು ಅವ್ವ. ಸತ್ತವಳ ಮಾತನ್ನೂ ಮೀರಿ ನನ್ನನ್ನು ಕೆಣಕುತ್ತಿದ್ದಾಳೆ ಎಂದು ತೀರ್ಮಾನಿಸಿದೆ. ನಾನೂ ಬಿಡಲಿಲ್ಲ. ಮತ್ತೆ ಪಾಸ್‌ವರ್ಡ್ ಹೊಡೆದು ಒಳಗೆ ನುಗ್ಗಿ ಅವಳನ್ನು ಆಚೆ ದಬ್ಬಿದೆ. ಅವಳು ನನ್ನನ್ನು ದಬ್ಬಿದಳು. ಒಂದೇ ಬಾಗಿಲನ್ನು ಇಬ್ಬರು ಎರಡು ಕಡೆಯಿಂದ ನೂಕಿದ ಹಾಗೆ ಐದಾರು ಸಲ ನಡೆಯುತ್ತಿತ್ತು. ಕೊನೆಗೆ ಅವಳೇ ಸುಮ್ಮನಾಗುತ್ತಿದ್ದಳು. ಗೆದ್ದೆ ಎಂದು ಮಗಳ ಹತ್ತಿರ ಹೇಳಿಕೊಂಡು ಮೆರೆದೆ.

"ಅಮ್ಮ, ಒಂದು ಫೋನ್ ಮಾಡಿ ಮಾತಾಡು ಅವ್ರ ಹತ್ರ" ಎಂದಳು ಮಗಳು.

"ಬೇಕಾದ್ರೆ ಅವಳೇ ಮಾಡ್ಲಿ. ದೊಡ್ಡವಳು ಅವಳಲ್ವಾ?"

ಮೂರ್ನಾಲ್ಕು ತಿಂಗಳು ಈ ನೂಕಾಟ ನಡೆದ ಮೇಲೆ ನಾನು ಪಾಸ್‌ವರ್ಡ್ ಬದಲಾಯಿಸಿದೆ. ಅದಕ್ಕೆ ಬೇಕಾದ ಸಂಖ್ಯೆ ಅವ್ವನ ಮೊಬೈಲಿಗೆ ಬರುತ್ತದೆ, ಅವ್ವನ ಸಿಮ್ಮು ನನ್ನ ಬಳಿ ಇತ್ತು. ಎರಡು ನಿಮಿಷದ ಕೆಲಸ. ಅಂದು ಶನಿವಾರ. ಹತ್ತೂವರೆಯಾಯಿತು, ಹನ್ನೊಂದಾಯಿತು, ನನ್ನನ್ನು ಯಾರೂ ಹೊರಗೆ ಹಾಕಲಿಲ್ಲ. ಅಷ್ಟರಲ್ಲಿ ಅವ್ವನ ನಂಬರಿಗೆ ಆಟದಿಂದ ಆರು ಅಂಕಿಯ ಸಂದೇಶ ಬಂತು. ಪಾಸ್‌ವರ್ಡ್ ಮರೆತಿದ್ದೇನೆ ಎಂದು ಯಾರೋ ಒತ್ತಿದ್ದಾರೆ ಎಂದು ಅದರ ಅರ್ಥ. ಯಾರೋ ಏನು, ಅಕ್ಕನೇ. ಆ ಅಂಕಿಯನ್ನು ಹಿಡಿದುಕೊಂಡು ನಾನು ಕೂತೆ. ಅವಳು ಫೋನ್ ಮಾಡಿ ಕೇಳಿದರೆ ಹೇಳಿಬಿಡುತ್ತಿದ್ದೆ, ದೇವರಾಣೆಗೂ ಹೇಳುತ್ತಿದ್ದೆ. ಅವಳು ಕೇಳಲಿಲ್ಲ. ಹತ್ತು ನಿಮಿಷಕ್ಕೆ ಆ ಅಂಕಿ ರದ್ದಾಯಿತು. ಸ್ವಲ್ಪ ಹೊತ್ತಿಗೆ ಇನ್ನೊಂದು ಬಂತು. ಅದೂ ರದ್ದಾಯಿತು. ಮೂರನೆಯದು ಬರಲಿಲ್ಲ.

ಆ ನಡುವೆ ನೆಂಟರ ಮದುವೆಯೊಂದರಲ್ಲಿ ನಮ್ಮ ಚಿಕ್ಕಮ್ಮ ನನ್ನ ಕೈ ಹಿಡಿದು, "ನಿಮ್ಮಕ್ಕ ತುಂಬಾ ಇಳ್ದೋಗವ್ಳೆ ಕಣಮ್ಮ. ಒಂದ್ಸಲ ಹೋಗಿ ನೋಡ್ಕೊಂಡ್ ಬಾ" ಎಂದರು. ಸುತ್ತ ನಾಲ್ಕು ಜನ ಇದ್ದರು. ನಾನು, "ಇಳೀಲಿ ಬುಡಿ, ಈ ವಯಸ್ನಲ್ಲಿ ಮೈ ಹಗುರಾದ್ರೆ ಒಳ್ಳೇದು" ಎಂದೆ. ಎಲ್ಲರೂ ನಕ್ಕರು, ಚಿಕ್ಕಮ್ಮ ನಗಲಿಲ್ಲ. ನಾನು ಹೋಳಿಗೆ ಇನ್ನೊಂದು ಹಾಕಿಸಿಕೊಂಡೆ. ಈ ಕೈಯನ್ನು, ಈ ಬಾಯನ್ನು ಏನು ಮಾಡಲಿ ಎಂದು ಈಗ ಅನ್ನಿಸುತ್ತದೆ.

ಭಾವ ಫೋನ್ ಮಾಡಿದಾಗ ನಾನು ದೋಸೆ ಹೊಯ್ಯುತ್ತಿದ್ದೆ. "ಅಕ್ಕ ಹೋದ್ಳು ಕಣಮ್ಮ" ಎಂದರು, ಅಷ್ಟೇ. ಕಾವಲಿಯ ಮೇಲೆ ದೋಸೆ ಸೀದು ಮನೆಯೆಲ್ಲ ಹೊಗೆಯಾಗಿ ಮಗಳು ಓಡಿಬಂದು ಒಲೆ ಆರಿಸಿದಳು. ಅಕ್ಕನನ್ನು ನೋಡಿದಾಗ ನನಗೆ ಗುರುತೇ ಹತ್ತಲಿಲ್ಲ. ಅವಳ ಎಡ ಮುಂಗೈ ಮೇಲೆ ನರ ಹಗ್ಗದಂತೆ ಉಬ್ಬಿತ್ತು, ಸುತ್ತ ಸೂಜಿ ಚುಚ್ಚಿದ ಕಲೆಗಳು. ಅವ್ವನ ಪಕ್ಕದಲ್ಲೇ ಅವಳನ್ನೂ ಕೂರಿಸಿದೆವು. ಅವಳ ಕರಡಿಗೆಯನ್ನು ಭಾವ ತೆಗೆದು ಜೇಬಿಗೆ ಹಾಕಿಕೊಂಡರು. ಅದರ ವಿಷಯ ಯಾರೂ ನನ್ನನ್ನು ಕೇಳಲಿಲ್ಲ, ಕೇಳಿಸಿಕೊಳ್ಳುವ ಮುಖ ನನಗೂ ಇರಲಿಲ್ಲ.

ಆರಾಧನೆ ಮುಗಿದು ನೆಂಟರೆಲ್ಲ ಹೊರಟ ಮೇಲೆ ಭಾವ ನಡುಮನೆಯಲ್ಲಿ ನನ್ನೆದುರು ಕೂತರು. ಭಾವ ಮಿತಭಾಷಿ. ಅವರು ಒಂದೇ ಸಲ ಅಷ್ಟು ಮಾತಾಡಿದ್ದನ್ನು ನಾನು ಕೇಳಿದ್ದು ಅದೇ ಮೊದಲು.

"ಮೂತ್ರಪಿಂಡ ಎರಡೂ ಹೋಗಿದ್ವು ಕಣಮ್ಮ. ಒಂದು ವರ್ಷದ ಹತ್ರ ಡಯಾಲಿಸಿಸ್ ಆಯ್ತು. ಮಂಗಳವಾರ, ಗುರುವಾರ, ಶನಿವಾರ. ಹತ್ತು ಗಂಟೆಗೆ ಮಲಗುಸುದ್ರೆ ಎರಡು ಗಂಟೆವರ್ಗೂ ಏಳಂಗಿಲ್ಲ. ನಿಂಗೆ ಹೇಳ್ಬೇಡಿ ಅಂತ ನನ್ನ ಕೈಲಿ ಆಣೆ ಹಾಕುಸ್ಕೊಂಡಿದ್ಳು. ಕಾಯಿಲೆ ಅಂತ ಕನಿಕರಕ್ಕೆ ಬರೋದು ಬ್ಯಾಡ, ಮನಸು ಬಂದಾಗ ಅವಳೇ ಬರ್ತಾಳೆ ಅನ್ನೋಳು."

ಮಂಗಳವಾರ, ಗುರುವಾರ, ಶನಿವಾರ.

"ಎಡಗೈಗೆ ಸೂಜಿ. ಬಲಗೈ ಒಂದೇ ಖಾಲಿ. ಆ ಕೈಲಿ ಅತ್ತೆಯೋರ ತೋಟ ಆಡ್ತಾ ಮಲಗಿರೋಳು. ಅವಾಗವಾಗ ಒಬ್ಳೇ ನಕ್ಕೊಳ್ಳೋಳು. ಯಾಕೇ ನಗ್ತೀಯ ಅಂದ್ರೆ, 'ನಮ್ಮವಳು ಬಂದ್ಳು, ನನ್ನ ಆಚೆಗೆ ದಬ್ಬುದ್ಳು ನೋಡಿ' ಅನ್ನೋಳು. ಆಮೇಲೆ ಇನ್ನೊಂದ್ ಗಳಿಗೆಗೆ ತಾನು ನಿನ್ನ ದಬ್ಬೋಳು. ಕೈ ಸೋತು ಹೋಗೋವರ್ಗೂ. ನಾಕು ಗಂಟೆ ಹೆಂಗೆ ಕಳೀತು ಅಂತಲೇ ಗೊತ್ತಾಗ್ತಾ ಇರ್ಲಿಲ್ಲ ಅವಳಿಗೆ. ಆಮೇಲೆ ಒಂದಿನ ಯಾಕೋ ಒಳಗೇ ಬುಡ್ಲಿಲ್ಲ ಅದು."

"ಪಾಸ್‌ವರ್ಡ್ ಬದಲಾಯಿಸಿದ್ದು ನಾನೇ ಭಾವ."

"ಗೊತ್ತು ಬುಡಮ್ಮ. ಅವಳಿಗೂ ಗೊತ್ತಿತ್ತು."

ಅವರು ಬೈದಿದ್ದರೆ ಚೆನ್ನಾಗಿತ್ತು. ಸಿಟ್ಟಿನಲ್ಲಿ ಕೊಯ್ದ ಮೂಗು ಶಾಂತವಾದ ಮೇಲೆ ಬರುವುದಿಲ್ಲ ಎಂದು ಅವ್ವ ನನಗೆ ಸಾವಿರ ಸಲ ಹೇಳಿದ್ದಳು. ಪ್ರತಿ ಸಲವೂ ಅದು ಬೇರೆ ಯಾರದೋ ಮೂಗು ಎಂದುಕೊಂಡಿದ್ದೆ. ನಾನು ಅತ್ತೆ. ಭಾವ ಒಳಗೆ ಹೋಗಿ ಅಕ್ಕನ ಫೋನನ್ನು ತಂದು ನನ್ನ ಕೈಗೆ ಕೊಟ್ಟರು.

"ಒಂದೆರಡು ವಾರ ಸುಮ್ನೆ ಸೂರು ನೋಡ್ಕೊಂಡ್ ಮಲಗಿದ್ಳು. ಆಮೇಲೆ ಅಲ್ಲಿ ನರ್ಸಮ್ಮನ್ನ ಕೇಳಿ ಹೊಸದಾಗಿ ತನ್ನದೇ ಒಂದು ತೋಟ ಮಾಡುಸ್ಕೊಂಡ್ಳು. 'ಖಾತೆ ಬೇರೆ ಬೇರೆ ಆದ್ರೆ ಯಾರೂ ಯಾರನ್ನೂ ದಬ್ಬಲ್ವಂತೆ, ಅಕ್ಕಪಕ್ಕ ತೋಟ ಹಾಕ್ಕೊಂಡು ಇಬ್ರೂ ಒಟ್ಟಿಗೆ ಇರ್ಬೋದಂತೆ' ಅಂತ ಸಂತೋಷ ಪಟ್ಟಿದ್ದೇ ಪಟ್ಟಿದ್ದು. ಅದೇನಾಯ್ತೋ ನಂಗೊತ್ತಿಲ್ಲ. ನೀನೇ ನೋಡು."

ಮನೆಗೆ ಬಂದು ಮಾರನೆಯ ದಿನ ಹಗಲು, ಮಗಳು ಶಾಲೆಗೆ ಹೋದ ಮೇಲೆ, ಆ ಫೋನು ತೆರೆದೆ. ಅಕ್ಕನ ತೋಟ ಚಿಕ್ಕದು, ಆಟ ಶುರು ಮಾಡಿದವರಿಗೆ ಕೊಡುವ ಆರು ಪಾತಿ ಮಾತ್ರ. ಮೂರರಲ್ಲಿ ಬದನೆ, ಒಂದರಲ್ಲಿ ಕನಕಾಂಬರ, ಎಲ್ಲವೂ ಒಣಗಿದ್ದವು. ಅವಳು ಹೆಸರು ಬರೆದಿರಲಿಲ್ಲ, ಬಹುಶಃ ಬರೆಯುವುದು ಹೇಗೆಂದು ತಿಳಿದಿರಲಿಲ್ಲ. ಹೆಸರಿನ ಜಾಗದಲ್ಲಿ ಅತಿಥಿ ಎಂದೂ ಮುಂದೆ ಆಟವೇ ಕೊಟ್ಟ ಒಂದು ಉದ್ದನೆಯ ಸಂಖ್ಯೆಯೂ ಇತ್ತು. ಪಕ್ಕದ ತೋಟದವರು ಎಂಬ ಪುಟಕ್ಕೆ ಹೋದೆ. ಅಕ್ಕ ಕಳಿಸಿದ ಕೋರಿಕೆಗಳು ಅಲ್ಲಿದ್ದವು. ಮೂರೂ ಒಂದೇ ತೋಟಕ್ಕೆ, ಅವ್ವನ ತೋಟಕ್ಕೆ. ಮೂರರ ಮುಂದೆಯೂ ನಿರಾಕರಿಸಲಾಗಿದೆ ಎಂದಿತ್ತು.

ಆಗ ನೆನಪಾಯಿತು. ಪಾಸ್‌ವರ್ಡ್ ಬದಲಾಯಿಸಿದ ಕೆಲವು ವಾರಗಳ ಮೇಲೆ, ಒಂದು ಬೆಳಿಗ್ಗೆ ತೋಟದಲ್ಲಿದ್ದಾಗ ಅತಿಥಿ ಎಂಬ ಯಾರೋ ಪಕ್ಕದಲ್ಲಿ ಜಾಗ ಕೇಳಿದ್ದರು. ಒಪ್ಪಿದರೆ ಅವರು ನಮ್ಮ ತೋಟಕ್ಕೆ ಬಂದು ನೀರು ಹಾಕಬಹುದು, ನಾವು ಅವರದಕ್ಕೆ ಹಾಕಬಹುದು. ಹೆಸರಿಲ್ಲ, ಮುಖವಿಲ್ಲ. ಅವ್ವನ ತೋಟದೊಳಕ್ಕೆ ಯಾರೋ ಹೊರಗಿನವರನ್ನು ಬಿಡುವುದುಂಟೇ ಎಂದು ಬೇಡ ಒತ್ತಿದ್ದೆ. ಎರಡನೆಯ ಸಲವೂ ಒತ್ತಿದ್ದೆ. ಮೂರನೆಯ ಸಲ, "ಒಂದ್ಸಲ ಹೇಳುದ್ರೆ ಅರ್ಥ ಆಗಲ್ವಾ, ಮಾನಗೆಟ್ಟೋರು" ಎಂದು ಬಾಯಿಬಿಟ್ಟು ಬೈದು ಒತ್ತಿದ್ದೆ. ನಾನು ಅದನ್ನು ಮರೆತೇಬಿಟ್ಟಿದ್ದೆ.

ಅಕ್ಕನ ಫೋನಿನಿಂದ ನಾಲ್ಕನೆಯ ಕೋರಿಕೆಯನ್ನು ನಾನೇ ಕಳಿಸಿದೆ. ಅದು ನನ್ನ ಫೋನಿಗೆ ಬಂತು. ಸರಿ ಎಂಬುದನ್ನು ಒತ್ತಿದೆ. ಎರಡು ತೋಟಗಳ ನಡುವೆ ಒಂದು ಸಣ್ಣ ದಾರಿ ಮೂಡಿತು. ಮೇಜಿನ ಮೇಲೆ ಎರಡು ಫೋನುಗಳನ್ನೂ ಪಕ್ಕಪಕ್ಕ ಇಟ್ಟುಕೊಂಡು ಮಧ್ಯಾಹ್ನದವರೆಗೆ ಕೂತಿದ್ದೆ. ಎರಡೂ ತೆರೆದೇ ಇದ್ದವು. ಯಾರೂ ಯಾರನ್ನೂ ಆಚೆ ಹಾಕಲಿಲ್ಲ. ಅಕ್ಕ ಮೂರು ಸಲ ಕೇಳಿದ್ದು ಇಷ್ಟನ್ನೇ.